ಟೆಲಿಫೋನ್ ನಾಟಕದ ಅಜ್ಜಿ

ಆ ಶುಕ್ರವಾರ ಬೆಳಿಗ್ಗೆಯೂ ಮಿಕ್ಕೆಲ್ಲ ಶುಕ್ರವಾರಗಳ ಹಾಗೆಯೇ ನಾನು ಮೊದಲು ಬಾಲ್ಕನಿಯ ಬಾಗಿಲು ತೆರೆದು, ಕಟಕಟೆಯ ಮೇಲೆ ಕೂತಿದ್ದ ಮರಳುಧೂಳನ್ನು ಒದ್ದೆ ಬಟ್ಟೆಯಲ್ಲಿ ಒರೆಸಿದೆ. ಕುವೈತಿನ ಧೂಳು ಮುಖಕ್ಕೆ ಹಚ್ಚುವ ಪೌಡರಿನಷ್ಟು ನುಣುಪು. ಪೊರಕೆ ಕಂಡರೆ ಎದ್ದು ಹಾರುತ್ತದೆ, ಒದ್ದೆ ಬಟ್ಟೆಗೆ ಮಾತ್ರ ಬಗ್ಗುತ್ತದೆ. ಆಮೇಲೆ ಹಾಲಿಟ್ಟೆ. ನವೆಂಬರಿನ ಚಳಿಗೆ ಇಡ್ಲಿ ಹಿಟ್ಟು ಉಬ್ಬುವುದಿಲ್ಲವೆಂದು ಪಾತ್ರೆಗೆ ನಮ್ಮವರ ಹಳೆಯ ಸ್ವೆಟರ್ ತೊಡಿಸಿಟ್ಟಿದ್ದೆ. ಬಿಚ್ಚಿ ನೋಡಿದರೆ ಹಿಟ್ಟು ಕತ್ತಿನವರೆಗೂ ಬಂದಿತ್ತು. ನಮ್ಮವರು ಬೀದಿ ಕೊನೆಯ ಇರಾನಿ ಬೇಕರಿಗೆ ಖುಬೂಸ್ ರೊಟ್ಟಿ ತರಲು ಹೋಗಿದ್ದರು. ಆರು ಖುಬೂಸ್ ಕೊಂಡರೆ ಮನೆಗೆ ಐದು ಬರುತ್ತಿದ್ದವು. ಬಿಸಿಯದನ್ನು ದಾರಿಯಲ್ಲೇ ಹರಿದು ತಿನ್ನುವುದು ಅವರ ವಾರದ ಒಂದೇ ಒಂದು ಪುಂಡಾಟ. ಮಗಳು ಇನ್ನೂ ಎದ್ದಿರಲಿಲ್ಲ.

ಅಷ್ಟರಲ್ಲಿ ಎದುರುಮನೆಯಾಕೆ ಬಾಗಿಲು ತಟ್ಟಿದರು. ಉಡುಪಿ ಕಡೆಯವರು, ಮನೆಯಲ್ಲಿ ತುಳು ಮಾತಾಡುವವರು. ಗಂಡ ಹೋಟೆಲೊಂದರಲ್ಲಿ ಮ್ಯಾನೇಜರು. ಬಾಣಂತನಕ್ಕೆಂದು ಜುಲೈಯಲ್ಲಿ ಊರಿಗೆ ಹೋದವರು ಹಿಂದಿನ ರಾತ್ರಿಯಷ್ಟೇ ಮಗುವಿನೊಂದಿಗೆ ವಾಪಸು ಬಂದಿದ್ದರು. ಗಂಡ ಇಷ್ಟು ದಿನ ಹೋಟೆಲಿನಲ್ಲೇ ಉಳಿದಿದ್ದರಿಂದ ಬೀಗ ಹಾಕಿದ್ದ ಮನೆಯಲ್ಲಿ ಮೊಸರಿಗೆ ಹೆಪ್ಪಿಲ್ಲ, ಒಂದು ಚಮಚ ಕೊಡಿ ಎಂದರು. ಕೊಟ್ಟೆ. ಸಂಜೆ ಸಂಘದ ನಾಟಕವಿದೆ, ಬನ್ನಿ ಎಂದೆ. ಮಗು ಬಿಟ್ಟರೆ ಬರುತ್ತೇನೆ, ಅತ್ತರೆ ಎದ್ದು ಹೋಗುವುದಕ್ಕೆ ಬಾಗಿಲ ಹತ್ತಿರ ಕೂರುತ್ತೇನೆ ಎಂದು ಹೇಳಿ ಬಟ್ಟಲು ಹಿಡಿದುಕೊಂಡು ಹೋದರು.

ಬಾಗಿಲು ಹಾಕುವಷ್ಟರಲ್ಲಿ ಫೋನು ಹೊಡೆದುಕೊಂಡಿತು. ನಾಟಕದ ನಿರ್ದೇಶಕಿ. ಶರ್ಕ್ ಬಡಾವಣೆಯ ಬ್ಯಾಂಕೊಂದರ ಆಫೀಸರರ ಹೆಂಡತಿ, ಬೆಂಗಳೂರಿನವರು. ಅವರಿಗೆ ಫೋನಿನಲ್ಲಿ ಹಲೋ ಎನ್ನುವ ಅಭ್ಯಾಸವಿರಲಿಲ್ಲ.

“ಅಜ್ಜಿಗೆ ಚಿಕನ್ ಪಾಕ್ಸ್ ಕಣ್ರೀ,” ಎಂದರು.

ಅಜ್ಜಿಗೆ ಆಗ ಮೂವತ್ತೊಂದು ವರ್ಷ. ಮಗ ಸ್ಕೂಲಿನಿಂದ ತಂದದ್ದನ್ನು ಅಮ್ಮನಿಗೂ ಹಂಚಿದ್ದ. ಮುಖದ ತುಂಬ ಗುಳ್ಳೆ ಎದ್ದಿವೆಯಂತೆ. ಗುಳ್ಳೆಗಳನ್ನು ಮೇಕಪ್ಪಿನಲ್ಲಿ ಮುಚ್ಚಬಹುದಿತ್ತು, ಆದರೆ ಹುಡುಗಿಯ ಅಪ್ಪನ ಪಾತ್ರದವರು ಡಾಕ್ಟರರ ಹೆಂಡತಿಯಾದದ್ದರಿಂದ ಒಪ್ಪುತ್ತಿಲ್ಲ ಎಂದು ನಿರ್ದೇಶಕಿ ಬೇಸರಪಟ್ಟುಕೊಂಡರು. ಸಂಜೆ ಐದಕ್ಕೆ ಪರದೆ ಏಳಬೇಕು. ಅಜ್ಜಿಯನ್ನು ಎಲ್ಲಿಂದ ತರುವುದು?

ಆ ವರ್ಷದ ರಾಜ್ಯೋತ್ಸವಕ್ಕೆ ಹೆಂಗಸರೇ ನಾಟಕವಾಡುವುದೆಂದು ತೀರ್ಮಾನವಾಗಿತ್ತು. ಗಂಡಸರ ಪಾತ್ರಗಳಿಗೂ ಹೆಂಗಸರೇ. ಬರೆದವರು ಮಾತ್ರ ನಿರ್ದೇಶಕಿಯ ಯಜಮಾನರು, ಹಾಗಾಗಿ ಒಂದು ಸಾಲನ್ನೂ ಕತ್ತರಿಸುವ ಹಾಗಿರಲಿಲ್ಲ. ಕಥೆ ಸರಳ. ಹುಡುಗಿ ನೋಡಲು ಗಂಡಿನ ಕಡೆಯವರು ಬರುತ್ತಾರೆ. ಉಪ್ಪಿಟ್ಟಿನ ಉಪ್ಪಿನಿಂದ ಶುರುವಾದ ಮಾತು ಎರಡು ವಂಶಗಳ ಮೂರು ತಲೆಮಾರಿನವರೆಗೆ ಬೆಳೆಯುತ್ತದೆ. ಅಷ್ಟು ಹೊತ್ತೂ ಮೂಲೆಯಲ್ಲಿ ಅಜ್ಜಿಯೊಬ್ಬಳು ದೀಪದ ಬತ್ತಿ ಹೊಸೆಯುತ್ತ ಕೂತಿರುತ್ತಾಳೆ. ಜಗಳ ತಾರಕಕ್ಕೆ ಹೋದಾಗ ಆಕೆ ತಲೆಯೆತ್ತಿ “ಸಾಕು” ಎನ್ನುತ್ತಾಳೆ. ಎಲ್ಲರೂ ತೆಪ್ಪಗಾಗುತ್ತಾರೆ, ಪರದೆ ಬೀಳುತ್ತದೆ. ಇಡೀ ನಾಟಕಕ್ಕೆ ಒಂದೇ ಮಾತಿನ ಪಾತ್ರವೆಂದು ಅದು ಯಾರಿಗೂ ಬೇಡವಾಗಿ, ಕಡೆಗೆ ಚೀಟಿ ಎತ್ತಿ ಕೊಟ್ಟದ್ದು.

ಅದು ಬೇಡವಾದದ್ದಕ್ಕೆ ಇನ್ನೊಂದು ಕಾರಣವೂ ಇತ್ತು. ಅದನ್ನು ಫೋನಿನಲ್ಲಿ ರಿಹರ್ಸಲ್ ಮಾಡಲು ಬರುತ್ತಿರಲಿಲ್ಲ.

ನಮ್ಮ ರಿಹರ್ಸಲ್ಲೆಲ್ಲ ನಡೆದದ್ದು ಫೋನಿನಲ್ಲಿ. ಒಬ್ಬರ ಮನೆ ಸಲ್ವಾದಲ್ಲಿ, ಒಬ್ಬರದು ಸಾಲ್ಮಿಯಾದಲ್ಲಿ, ಒಬ್ಬರದು ಫಹಾಹೀಲ್‌ನಲ್ಲಿ. ನಮಗ್ಯಾರಿಗೂ ಕಾರು ಓಡಿಸಲು ಬರುತ್ತಿರಲಿಲ್ಲ, ಓಡಿಸುವ ಗಂಡಂದಿರು ಕೈಗೆ ಸಿಗುತ್ತಿದ್ದದ್ದು ಶುಕ್ರವಾರ ಮಾತ್ರ. ಊರೊಳಗಿನ ಫೋನಿಗೆ ಮಾತ್ರ ಎಷ್ಟು ಹೊತ್ತು ಮಾತಾಡಿದರೂ ಕೇಳುವವರಿರಲಿಲ್ಲ. ಹೀಗಾಗಿ ಬೆಳಿಗ್ಗೆ ಹನ್ನೊಂದರಿಂದ ಒಂದರವರೆಗೆ, ಅನ್ನಕ್ಕಿಡುವ ಹೊತ್ತಿನಲ್ಲಿ, ನಾಟಕ ನಡೆಯುತ್ತಿತ್ತು. ನಾನು ಪ್ರಾಂಪ್ಟರ್. ಕಾನ್ವೆಂಟಿನಲ್ಲಿ ಓದಿದವಳು, ದನಿ ಎತ್ತರಿಸಲು ಬಾರದು, ಪಿಸುಗುಟ್ಟಲು ಚೆನ್ನಾಗಿ ಬರುತ್ತದೆ ಎಂದು ನಿರ್ದೇಶಕಿ ಮೊದಲ ದಿನವೇ ನನ್ನ ಹಣೆಬರಹ ಬರೆದುಬಿಟ್ಟಿದ್ದರು. ಪ್ರತಿಯೊಬ್ಬರೂ ನನಗೆ ಫೋನು ಮಾಡಿ ತಮ್ಮ ಮಾತು ಹೇಳುವರು, ಮಿಕ್ಕವರ ಮಾತುಗಳನ್ನೆಲ್ಲ ನಾನು ಓದುವೆ. ಒಗ್ಗರಣೆ ಸಿಡಿಯುವಾಗ ಗಂಡಿನ ತಾಯಿ ಸಿಟ್ಟಾಗಿ ಎದ್ದು ಹೋಗುವಳು, ಕುಕ್ಕರ್ ಕೂಗಿದರೆ ಅವಳೇ ವಾಪಸು ಬರುವಳು. ಹೀಗೆ ಎರಡು ತಿಂಗಳಲ್ಲಿ ಎಲ್ಲರಿಗೂ ಮಾತು ಬಾಯಿಪಾಠವಾಯಿತು. ಕೈಕಾಲು ಎಲ್ಲಿಡಬೇಕೆಂದು ಮಾತ್ರ ಯಾರಿಗೂ ಗೊತ್ತಿರಲಿಲ್ಲ.

ಹಿಂದಿನ ಶುಕ್ರವಾರ ಸ್ಕೂಲಿನ ಹಾಲಿನಲ್ಲಿ ಮೊದಲ ಸಲ ಎಲ್ಲರೂ ಒಟ್ಟಿಗೆ ನಿಂತು ನಾಟಕ ಮಾಡಿದಾಗ ಅದು ಬಯಲಾಯಿತು. ಕಂಡುಹಿಡಿದವರು ನಮ್ಮ ಪೈಕಿ ಯಾರೂ ಅಲ್ಲ. ನನ್ನ ಜೊತೆ ನೋಡಲು ಬಂದಿದ್ದ, ನಮ್ಮ ಮೇಲಿನ ಮನೆಯ ಅಲ್ಮಾನಿ ಅಮ್ಮ. ಒಂದು ಮಾತೂ ಅರ್ಥವಾಗದೆ ಕೂತಿದ್ದವರು, ಮುಗಿದ ಮೇಲೆ ನನ್ನ ಕಿವಿಯಲ್ಲಿ ಬಹಳ ಮರ್ಯಾದೆಯಿಂದ ಕೇಳಿದರು: ನಿಮ್ಮ ಕಡೆ ಎಲ್ಲರಿಗೂ ಕತ್ತು ಉಳುಕಿರುತ್ತದೆಯೇ?

ನೋಡಿದರೆ ಹೌದು. ಎಂಟು ಜನರೂ ತಲೆಯನ್ನು ಎಡಭುಜಕ್ಕೆ ವಾಲಿಸಿಕೊಂಡು ನಿಂತಿದ್ದರು. ಕೆಲವರು ಬಲಗೈಯಲ್ಲಿ ಏನನ್ನೋ ತಿರುವುತ್ತಲೂ ಇದ್ದರು. ಎರಡು ತಿಂಗಳು ರಿಸೀವರನ್ನು ಭುಜಕ್ಕೂ ಕೆನ್ನೆಗೂ ನಡುವೆ ಸಿಕ್ಕಿಸಿಕೊಂಡು ಕಲಿತ ನಾಟಕ. ಕತ್ತು ನೆಟ್ಟಗೆ ಮಾಡಿದರೆ ಮಾತು ಮರೆಯುತ್ತಿತ್ತು. ಅಲ್ಮಾನಿ ಅಮ್ಮ ಯೋಚಿಸಿ, ಎಲ್ಲರ ಎಡಗೈಗೂ ಏನಾದರೂ ಭಾರ ಕೊಡಿ, ಭುಜ ತಾನಾಗಿ ಇಳಿಯುತ್ತದೆ ಎಂದರು. ಒಬ್ಬರಿಗೆ ತಟ್ಟೆ, ಒಬ್ಬರಿಗೆ ಚೀಲ ಕೊಟ್ಟೆವು. ಸರಿಹೋಯಿತು. ಹುಡುಗಿಯ ಅಪ್ಪನಿಗೆ ಕೊಟ್ಟ ಕೊಡೆಯನ್ನು ಮಾತ್ರ ಡಾಕ್ಟರರ ಹೆಂಡತಿ ಎರಡನೇ ನಿಮಿಷಕ್ಕೆ ಕಿವಿಗಿಟ್ಟುಕೊಂಡರು.

ಅಲ್ಮಾನಿ ಅಮ್ಮ ನಮ್ಮ ಕಟ್ಟಡದ ಮೂರನೇ ಮಹಡಿಯಲ್ಲಿದ್ದರು. ಅಲ್ಮಾನಿ ಎಂದರೆ ಅರಬ್ಬಿಯಲ್ಲಿ ಜರ್ಮನ್. ಕಟ್ಟಡ ಕಾಯುವ ಈಜಿಪ್ಟಿನ ಹಾರಿಸ್ ಈ ಅಮ್ಮನನ್ನು ಮಾಮಾ ಅಲ್ಮಾನಿ ಎನ್ನುತ್ತಿದ್ದ, ನಾನು ಅದನ್ನು ನಮ್ಮ ನಾಲಿಗೆಗೆ ಹೊಂದಿಸಿಕೊಂಡಿದ್ದೆ. ಮಗ ಮೀನಾ ಅಬ್ದುಲ್ಲಾದ ರಿಫೈನರಿಯಲ್ಲಿ ಎಂಜಿನಿಯರು. ಬೆಳಕು ಹರಿಯುವ ಮುಂಚೆ ಹೋಗಿ ಕತ್ತಲಾದ ಮೇಲೆ ಬರುವವನು. ಚಳಿಗಾಲ ಕಳೆಯಲೆಂದು ತಾಯಿಯನ್ನು ಅಕ್ಟೋಬರಿನಲ್ಲಿ ಕರೆಸಿಕೊಂಡಿದ್ದ. ಎಪ್ಪತ್ತು ದಾಟಿದ, ಎತ್ತರದ ಹೆಂಗಸು. ಕಸದ ಚೀಲ ಕೆಳಗಿಡಲು ಬಂದರೂ ಹುಲ್ಲಿನ ಟೋಪಿ, ಕಪ್ಪು ಕನ್ನಡಕ, ಕೆಂಪು ಲಿಪ್‌ಸ್ಟಿಕ್. ಎರಡು ಸೂಟ್‌ಕೇಸ್ ತಂದಿದ್ದರು. ಒಂದರಲ್ಲಿ ಬಟ್ಟೆ, ಇನ್ನೊಂದರಲ್ಲಿ ಪೇಪರ್ ಕತ್ತರಿಸಿ ಅಂಟಿಸಿದ ಪುಸ್ತಕಗಳು. ಐವತ್ತು ವರ್ಷ ನಾಟಕ, ಸಿನಿಮಾಗಳಲ್ಲಿ ಇದ್ದವರೆಂದು ನನಗೆ ಗೊತ್ತಾದದ್ದು ಆ ಎರಡನೇ ಪೆಟ್ಟಿಗೆಯಿಂದ.

ನಮ್ಮ ಮೊದಲ ಭೇಟಿ ಮೆಟ್ಟಿಲ ಮೇಲೆ. ನನಗೆ ಒಂದಿಷ್ಟು ಜರ್ಮನ್ ಬರುತ್ತಿತ್ತು ಎಂಬ ಧೈರ್ಯ ನನ್ನದು. ನಮ್ಮ ಕಾನ್ವೆಂಟಿನಲ್ಲಿ ಜರ್ಮನಿಯಿಂದ ಬಂದ ಇಬ್ಬರು ಸಿಸ್ಟರುಗಳಿದ್ದರು. ಇಂಗ್ಲಿಷಿನಲ್ಲಿ ಪಾಠ ಮಾಡಿ, ಸಿಟ್ಟು ಬಂದಾಗ ಮಾತ್ರ ತಮ್ಮ ಭಾಷೆಗೆ ಹೋಗುತ್ತಿದ್ದರು. ಏನಾದರೂ ಒಳ್ಳೆಯ ಮಾತಾಡೋಣವೆಂದು ಬಾಯಿ ತೆರೆದೆ. ಬಂದದ್ದು: “ಸಾಲಿನಲ್ಲಿ ನಿಲ್ಲು, ಕೈ ತೋರಿಸು, ಉಗುರು ಕೊಳಕಾಗಿದೆ.” ಎಪ್ಪತ್ತು ದಾಟಿದ ಆ ಹೆಂಗಸು ಕಸದ ಚೀಲವನ್ನು ಮೆಟ್ಟಿಲ ಮೇಲಿಟ್ಟು, ನೆಟ್ಟಗೆ ನಿಂತು, ಎರಡೂ ಕೈ ಮುಂದೆ ಚಾಚಿ ಉಗುರು ತೋರಿಸಿದರು. ಮುಖದಲ್ಲಿ ಎಂಟು ವರ್ಷದ ಹುಡುಗಿಯ ಹೆದರಿಕೆ. ಆಮೇಲೆ ನಕ್ಕರು. ನನಗೆ ಅವರು ನಟಿ ಎಂದು ಆಗಲೇ ತಿಳಿಯಬೇಕಿತ್ತು.

ಅಂದಿನಿಂದ ಅವರು ಬೆಳಿಗ್ಗೆ ಹತ್ತಕ್ಕೆ ಇಳಿದು ಬರುತ್ತಿದ್ದರು. ಅವರ ಇಂಗ್ಲಿಷ್, ನನ್ನ ಬೈಗುಳದ ಜರ್ಮನ್, ಮಿಕ್ಕದ್ದು ಕೈಸನ್ನೆ. ಕಾರ್ತಿಕ ಮಾಸ, ನನಗೆ ದಿನವೂ ಬತ್ತಿ ಬೇಕು. ನಾನು ಹತ್ತಿ ಬಿಡಿಸಿ ಹೊಸೆಯುತ್ತಿದ್ದರೆ ಅವರು ಸುಮ್ಮನೆ ನೋಡುತ್ತಿರಲಿಲ್ಲ, ತಾವೂ ಹೊಸೆಯುತ್ತಿದ್ದರು. ಮೊದಲ ವಾರದ ಬತ್ತಿಗಳು ಕಂಬಳಿಹುಳುವಿನ ಹಾಗಿದ್ದವು. ನಾಲ್ಕನೇ ವಾರಕ್ಕೆ ನನ್ನದಕ್ಕಿಂತ ಸಣ್ಣ, ನನ್ನದಕ್ಕಿಂತ ಬಿಗಿ. ಹೊಸೆಯುತ್ತಲೇ ತಮ್ಮ ಕಥೆ ಹೇಳುವರು. ಹದಿನೇಳಕ್ಕೆ ರಂಗಕ್ಕೆ ಬಂದು, ಮೊದಲ ಎರಡು ವರ್ಷ ತಟ್ಟೆ ಹಿಡಿದು ಒಳಗೆ ಹೋಗಿ ಹೊರಗೆ ಬಂದದ್ದು. ಮಾತಿಲ್ಲದ ಸಿನಿಮಾದಲ್ಲಿ ಒಂದು ಪಾತ್ರ ಸಿಗುವಷ್ಟರಲ್ಲಿ ಸಿನಿಮಾಕ್ಕೆ ಮಾತು ಬಂದುಬಿಟ್ಟದ್ದು. ಯುದ್ಧ ಮುಗಿದ ವರ್ಷ, ಮಾಡು ಹಾರಿಹೋದ ಹಾಲಿನಲ್ಲಿ ಕೋಟು ಹಾಕಿಕೊಂಡೇ ರಾಣಿಯಾಗಿದ್ದು. ಜನ ಟಿಕೆಟ್ಟಿಗೆ ದುಡ್ಡಿನ ಬದಲು ಒಂದೊಂದು ತುಂಡು ಕಲ್ಲಿದ್ದಲು ತಂದು ಒಲೆಗೆ ಹಾಕಿದ್ದು. ಮೂವತ್ತೈದಕ್ಕೇ ತಾಯಿಯ ಪಾತ್ರ ಹಚ್ಚಿದರಂತೆ. ಮೊದಲ ಮಗನಾಗಿ ಬಂದ ನಟ ಅವರಿಗಿಂತ ಎರಡು ವರ್ಷ ದೊಡ್ಡವನು.

ವಯಸ್ಸಾದ ಮೇಲೆ ಟಿ.ವಿ.ಯ ಪತ್ತೇದಾರಿ ಕಥೆಗಳಲ್ಲಿ ಬಾಡಿಗೆಮನೆಯ ಒಡತಿ. ಪ್ರತಿ ಕಥೆಯಲ್ಲೂ ಬಾಗಿಲು ತೆರೆದು ಹೆಣ ನೋಡಿ ಕಿರುಚುವುದು ಅವರ ಕೆಲಸ. ಹೇಗೆ ಕಿರುಚುತ್ತಿದ್ದಿರಿ ಎಂದು ನಾನು ಕೇಳಬಾರದಿತ್ತು. ಕೇಳಿದೆ. ಅವರು ಕೈಯಲ್ಲಿದ್ದ ಹತ್ತಿಯನ್ನು ಪಕ್ಕಕ್ಕಿಟ್ಟು ಕಿರುಚಿದರು. ಹಾರಿಸ್ ದೊಡ್ಡ ಸ್ಪ್ಯಾನರ್ ಹಿಡಿದು ಎರಡು ಮೆಟ್ಟಿಲಿಗೊಂದರಂತೆ ಹತ್ತಿ ಬಂದ. ಬಿಡಿಸಿಟ್ಟ ಹತ್ತಿಯನ್ನು ನೋಡಿ, ನಮ್ಮಿಬ್ಬರನ್ನು ನೋಡಿ, ಹೆಂಗಸರು ಹಲ್ಲಿಗೆ ಹೆದರಿದ್ದಾರೆಂದು ತೀರ್ಮಾನಿಸಿ ಗೋಡೆಯನ್ನೆಲ್ಲ ತಟ್ಟಿ ಪರೀಕ್ಷಿಸಿ, “ಖಲಾಸ್, ಹೋಯಿತು,” ಎಂದು ಕೈಸನ್ನೆ ಮಾಡಿ ಇಳಿದು ಹೋದ.

ಇಷ್ಟೆಲ್ಲ ನಗುತ್ತ ಹೇಳಿದವರು ಒಂದೇ ಒಂದು ಪುಟವನ್ನು ಬೇಗ ಮಗುಚುತ್ತಿದ್ದರು. ಕೊನೆಯ ಪುಸ್ತಕದ ಕೊನೆಯ ಪುಟ. ಒಂದು ದಿನ ಅವರೇ ಹೇಳಿದರು. ಎರಡು ವರ್ಷದ ಹಿಂದೆ, ತಮ್ಮ ಊರಿನ ರಂಗಮಂದಿರದಲ್ಲಿ, ನಾಟಕದ ನಡುವೆ ಮಾತು ಮರೆತುಹೋಯಿತಂತೆ. ಅವರ ಕಡೆ ರಂಗದ ಮುಂಭಾಗದಲ್ಲೇ ಪ್ರಾಂಪ್ಟರ್ ಕೂರುವುದಕ್ಕೊಂದು ಗೂಡಿರುತ್ತದೆ. ಆ ಗೂಡಿನಿಂದ ಮೂರು ಸಲ ಹೇಳಿಕೊಟ್ಟರೂ ತಲೆಗೆ ಹೋಗಲಿಲ್ಲವಂತೆ. ಆಗ ಜನ ಏನು ಮಾಡಿದರು? ಎದ್ದು ನಿಂತು ಚಪ್ಪಾಳೆ ತಟ್ಟಿದರು.

ಒಳ್ಳೆಯ ಜನ, ಎಂದೆ ನಾನು.

ಅವರಿಗೆ ಸಿಟ್ಟು ಬಂತು. ಕೂಗಾಡಿದ್ದರೆ ಸಹಿಸುತ್ತಿದ್ದೆ, ಎಂದರು. ಆ ಜನಕ್ಕೆ ನನ್ನ ಪರಿಚಯವಿತ್ತು, ಪಾಪ ಮುದುಕಿ ಎಂದು ತಟ್ಟಿದರು. ಹಾಗಾದರೆ ಅದಕ್ಕೂ ಮುಂಚೆ ಎಷ್ಟು ವರ್ಷದ ಚಪ್ಪಾಳೆ ಪಾಪ ಎಂದು ಬಂದದ್ದು, ಎಷ್ಟು ವರ್ಷದ್ದು ಕೆಲಸಕ್ಕೆ ಬಂದದ್ದು, ನನಗೆ ಹೇಗೆ ತಿಳಿಯಬೇಕು? ಅಂದಿನಿಂದ ಅವರು ರಂಗ ಹತ್ತಿರಲಿಲ್ಲ. ಈಗಲೂ ನನಗೆ ಬರುತ್ತದೆಯೋ ಇಲ್ಲವೋ ಎಂಬುದನ್ನು ನನ್ನನ್ನು ಕಂಡರಿಯದವರು ಮಾತ್ರ ಹೇಳಬೇಕು, ಅಂಥವರು ನನ್ನ ದೇಶದಲ್ಲಿ ಸಿಗುವುದಿಲ್ಲ ಎಂದು ಹೇಳಿ, ಮತ್ತೆ ಹತ್ತಿ ಕೈಗೆತ್ತಿಕೊಂಡಿದ್ದರು.

ಅದಕ್ಕೇ ಆ ಬೆಳಿಗ್ಗೆ ಫೋನಿನಲ್ಲಿ ನನ್ನ ಬಾಯಿಂದ ಥಟ್ಟನೆ ಬಂತು: ನಮ್ಮ ಮೇಲಿನ ಮನೆಯಲ್ಲಿ ಒಬ್ಬ ಅಜ್ಜಿ ಇದ್ದಾರೆ, ಬತ್ತಿ ಹೊಸೆಯಲು ಬರುತ್ತದೆ.

“ಆ ಟೋಪಿಯವ್ರಾ? ಕನ್ನಡ ಬರತ್ತೇನ್ರೀ ಅವ್ರಿಗೆ?” ಎಂದು ನಿರ್ದೇಶಕಿ ಕೇಳಿದರು.

“ಒಂದೇ ಮಾತಲ್ವಾ,” ಎಂದೆ.

ಆ ಕಡೆ ಒಗ್ಗರಣೆ ಸಿಡಿಯಿತು. ಆಮೇಲೆ, ಆಗಲಿ, ಗುಳ್ಳೆ ಇಲ್ಲದಿದ್ದರೆ ಸಾಕು ಎಂದರು.

ಅಲ್ಮಾನಿ ಅಮ್ಮ ಬಾಗಿಲು ತೆರೆದಾಗ ತಲೆಗೆ ಟವೆಲ್ ಸುತ್ತಿದ್ದರು. ನಾನು ಹೇಳಿ ಮುಗಿಸುವ ಮುಂಚೆಯೇ ಆಗುವುದಿಲ್ಲ ಎಂದರು. ಮತ್ತೆ ಮರೆತರೆ? ಇಲ್ಲಿ ನಿಮ್ಮನ್ನು ಯಾರೂ ಅರಿಯರು, ಮರೆತರೆ ಖಂಡಿತ ಕೂಗಾಡುತ್ತಾರೆ ಎಂದು ನಾನು ಭರವಸೆ ಕೊಟ್ಟೆ. ಅವರು ಒಳಗೆ ಹೋದರು, ಬಂದರು, ಮತ್ತೆ ಒಳಗೆ ಹೋದರು. ಕಡೆಗೆ ಮೂರು ಷರತ್ತು ಹಾಕಿದರು. ಹೆಸರು ಹೇಳಬಾರದು, ಜರ್ಮನ್ ಎಂದು ಯಾರಿಗೂ ಸುಳಿವು ಕೊಡಬಾರದು. ನಾನು ಅವರ ಕಣ್ಣಿಗೆ ಬೀಳುವ ಹಾಗೆ ಪುಸ್ತಕ ಹಿಡಿದು ಕೂರಬೇಕು. ಮುಗಿದ ಮೇಲೆ, ವಿಷಯ ಗೊತ್ತಿಲ್ಲದ ಮೊದಲನೆಯ ಮನುಷ್ಯ ಏನು ಹೇಳುತ್ತಾನೋ ಅದನ್ನು ಸಕ್ಕರೆ ಬೆರೆಸದೆ ಹಾಗೇ ತಂದು ಅವರಿಗೆ ಹೇಳಬೇಕು.

“ನಿಮ್ಮ ಸಿಸ್ಟರ್ ಮೇಲಾಣೆ?” ಎಂದರು.

ಕಾನ್ವೆಂಟಿನವಳು, ತಪ್ಪಿಸಿಕೊಳ್ಳುವ ಹಾಗಿರಲಿಲ್ಲ. ಆಣೆ ಎಂದೆ.

ತಿಂಡಿಯ ಹೊತ್ತಿಗೆ ಅವರು ನಮ್ಮ ಊಟದ ಮೇಜಿನ ಬಳಿ ಆ ಒಂದು ಮಾತನ್ನು ಕಲಿಯಲು ಕೂತರು. ನನ್ನಿಂದ ಇಪ್ಪತ್ತು ಸಲ ಹೇಳಿಸಿದರು. ನೀನು ಹೇಳಿದರೆ ಯಾರೂ ಏನನ್ನೂ ನಿಲ್ಲಿಸುವುದಿಲ್ಲ, ಬಹಳ ಮೃದು ಎಂದರು. ನಮ್ಮವರ ತಟ್ಟೆಗೆ ಆರನೇ ಇಡ್ಲಿ ಬೀಳುವಾಗ ಅವರು ಎಂದಿನಂತೆ “ಸಾಕು ಸಾಕು” ಎನ್ನುತ್ತ ತಟ್ಟೆಯನ್ನು ಇನ್ನೂ ಮುಂದಕ್ಕೆ ಸರಿಸಿದರು. ಅಲ್ಮಾನಿ ಅಮ್ಮ ಅದನ್ನು ಬಹಳ ಆಸಕ್ತಿಯಿಂದ ನೋಡಿ, ಈ ಮಾತಿಗೆ ಇನ್ನೂ ಹಾಕು ಎಂಬ ಅರ್ಥವೂ ಇದೆಯೇ ಎಂದು ಕೇಳಿದರು. ಗಂಡಸರಲ್ಲಿ ಇದೆ ಎಂದೆ. ಆಗ ಮಗಳು ಎದ್ದು ಬಂದಳು. ಇಂಗ್ಲಿಷಿನಲ್ಲೇ ಉತ್ತರ ಕೊಡುವ ಹುಡುಗಿ. ಅಜ್ಜಿ ಹೇಗೆ ಹೇಳುತ್ತಿದ್ದರು, ನೆನಪಿದೆಯಾ ಎಂದು ಕೇಳಿದೆ. ಹಿಂದಿನ ವರ್ಷ ನಮ್ಮತ್ತೆ ಮೂರು ತಿಂಗಳು ನಮ್ಮಲ್ಲಿದ್ದರು. ಮಗಳು ಕಣ್ಣು ಅರ್ಧ ಮುಚ್ಚಿ, ಯಾರನ್ನೂ ನೋಡದೆ, ಮೂಗಿನಿಂದ ಉಸಿರು ಬಿಟ್ಟು, ಬಹಳ ಮೆಲ್ಲಗೆ “ಸಾಕು” ಎಂದಳು. ನಮ್ಮವರು ಇಡ್ಲಿ ಕೆಳಗಿಟ್ಟು ನೆಟ್ಟಗೆ ಕೂತರು. ಅಲ್ಮಾನಿ ಅಮ್ಮನಿಗೆ ಅಷ್ಟು ಸಾಕಾಯಿತು.

ಮಧ್ಯಾಹ್ನ ಅತ್ತೆ ಬಿಟ್ಟುಹೋಗಿದ್ದ ಕಾಫಿಬಣ್ಣದ ಹತ್ತಿ ಸೀರೆ ಉಡಿಸಿದೆ. ಮಂಡಿನೋವಿನಿಂದ ಚಕ್ಕಂಬಕ್ಕಳ ಹಾಕಲು ಆಗದೆ ಒಂದು ಕಾಲು ಮಡಿಸಿ, ಒಂದು ಕಾಲು ಚಾಚಿ ಕೂತರು. ಅತ್ತೆ ಕೂರುತ್ತಿದ್ದದ್ದೂ ಹಾಗೇ. ತಲೆಗೆ ಕೊಬ್ಬರಿ ಎಣ್ಣೆ ಹಚ್ಚಿ ಬಾಚಿ ಸಣ್ಣ ತುರುಬು ಕಟ್ಟಿದೆ. ಬಿಳಿ ಮೈಬಣ್ಣ, ಬೂದುಗಣ್ಣು. ಪರವಾಗಿಲ್ಲ, ಕರಾವಳಿಯ ಎಷ್ಟೋ ಅಜ್ಜಿಯರಿಗೆ ಬೆಕ್ಕಿನ ಕಣ್ಣಿರುತ್ತದೆ. ಅವರು ತಮ್ಮ ಕಾಲನ್ನೇ ನೋಡಿಕೊಂಡು, ಇವು ಅಜ್ಜಿಯ ಕಾಲುಗಳಲ್ಲ ಎಂದು ಮೇಲೆ ಹೋಗಿ ಉಗುರಿನ ಕೆಂಪನ್ನೆಲ್ಲ ಒರೆಸಿಕೊಂಡು ಬಂದರು. ಆಮೇಲೆ ಕನ್ನಡಿಯ ಮುಂದೆ ಲಿಪ್‌ಸ್ಟಿಕ್ ಅಳಿಸಿದರು. ಅದಕ್ಕೆ ಮಾತ್ರ ಸ್ವಲ್ಪ ಹೆಚ್ಚು ಹೊತ್ತು ಹಿಡಿಯಿತು.

ಸ್ಕೂಲಿನ ಹಾಲಿನಲ್ಲಿ ನಾಟಕದ ಹೆಂಗಸರಿಗಷ್ಟೇ ಗುಟ್ಟು ಗೊತ್ತಿತ್ತು. ಅಚ್ಚು ಹಾಕಿಸಿದ ಹಾಳೆಯಲ್ಲಿ ಚಿಕನ್ ಪಾಕ್ಸ್‌ನವರ ಹೆಸರೇ ಉಳಿದಿತ್ತು. ಪರದೆಯ ಹಿಂದೆ ಅಲ್ಮಾನಿ ಅಮ್ಮ ಒಬ್ಬೊಬ್ಬರ ಎಡಭುಜದ ಮೇಲೂ ತೊಯ್ ತೊಯ್ ತೊಯ್ ಎಂದು ಮೂರು ಸಲ ಉಗುಳಿದ ಹಾಗೆ ಮಾಡಿದರು. ಅವರ ಕಡೆ ರಂಗಕ್ಕೆ ಹೋಗುವ ಮುಂಚೆ ಹಾಗೆ ಮಾಡುವುದು ವಾಡಿಕೆ. ನಿರ್ದೇಶಕಿಗೆ ಬಹಳ ಸಂತೋಷವಾಗಿ, ದೃಷ್ಟಿ ತೆಗೆಯುತ್ತಿದ್ದಾರೆ ನೋಡಿ, ಎಷ್ಟು ಸಂಪ್ರದಾಯಸ್ಥರು ಎಂದು ಉಪ್ಪು ಮೆಣಸಿನಕಾಯಿ ಹುಡುಕಲು ಹೋದರು. ಸಿಗದೆ ವಾಪಸು ಬಂದು ಥ್ಯಾಂಕ್ಯೂ ಎಂದರು. ಅದಕ್ಕೆ ಥ್ಯಾಂಕ್ಯೂ ಎಂದರೆ ಅಪಶಕುನವಂತೆ. ಅಲ್ಮಾನಿ ಅಮ್ಮ ಮುಖ ಬಿಳುಚಿಕೊಂಡು ಎಲ್ಲರಿಗೂ ಮತ್ತೆ ಮೊದಲಿಂದ ಉಗುಳಿಕೊಂಡು ಬಂದರು. ಇದರಿಂದ ಪರದೆ ಏಳುವುದು ಹತ್ತು ನಿಮಿಷ ತಡವಾಯಿತು.

ನಾನು ಎಡಗಡೆಯ ಪರದೆಯ ಸಂದಿನಲ್ಲಿ ಸ್ಟೂಲಿನ ಮೇಲೆ ಪುಸ್ತಕ ಹಿಡಿದು ಕೂತೆ. ನಾಟಕ ಚೆನ್ನಾಗಿಯೇ ಹೋಯಿತು. ಹುಡುಗಿಯ ಅಪ್ಪನ ಮೀಸೆ ಒಂದು ಸಲ ಉಪ್ಪಿಟ್ಟಿನಲ್ಲಿ ಬಿತ್ತು, ಡಾಕ್ಟರರ ಹೆಂಡತಿ ಅದನ್ನು ಕರಿಬೇವಿನ ಸೊಪ್ಪಿನಂತೆ ಎತ್ತಿ ಪಕ್ಕಕ್ಕಿಟ್ಟರು, ಜನ ಅದು ನಾಟಕದ್ದೇ ಎಂದು ನಕ್ಕರು. ಅಲ್ಮಾನಿ ಅಮ್ಮ ಮೂಲೆಯಲ್ಲಿ ಕೂತು ಬತ್ತಿ ಹೊಸೆಯುತ್ತಿದ್ದರು. ನಾನು ಕಾಯುತ್ತಿದ್ದೆ, ಈಗ ಏನಾದರೂ ಮಾಡುತ್ತಾರೆ, ಈಗ ಕಣ್ಣೀರು ಒರೆಸಿಕೊಳ್ಳುತ್ತಾರೆ ಎಂದು. ಏನೂ ಮಾಡಲಿಲ್ಲ. ಒಂದು ಸಲ ಹತ್ತಿಯ ಬೀಜ ಕಿತ್ತು ಸೆರಗಿನ ತುದಿಯಲ್ಲಿ ಹಾಕಿಕೊಂಡರು. ಒಂದು ಸಲ ಮಂಡಿ ಒತ್ತಿಕೊಂಡರು.

ಜಗಳ ಏರಿತು. ಗಂಡಿನ ತಾಯಿ ತನ್ನ ಕೊನೆಯ ಮಾತು ಹೇಳಿ ಎರಡು ಕೈ ಎತ್ತಿದಳು. ಈಗ ಅಜ್ಜಿಯ ಮಾತು. ಎಲ್ಲರೂ ಮೂಲೆಯ ಕಡೆ ನೋಡಿದರು.

ಅಲ್ಮಾನಿ ಅಮ್ಮ ಬತ್ತಿ ಹೊಸೆಯುತ್ತಲೇ ಇದ್ದರು.

ನಾನು “ಸಾಕು” ಎಂದು ಪಿಸುಗುಟ್ಟಿದೆ. ಅವರು ತಲೆ ಎತ್ತಲಿಲ್ಲ. ಇನ್ನೊಂದು ಸಲ ಹೇಳಿದೆ. ಗಂಡಿನ ತಾಯಿ ಎತ್ತಿದ ಕೈಗಳನ್ನು ಇಳಿಸಲಾಗದೆ ನಿಂತಿದ್ದಳು. ಹುಡುಗಿಯ ಅಪ್ಪ ಕೊಡೆಯನ್ನು ಮೆಲ್ಲಗೆ ಕಿವಿಯ ಕಡೆ ಏರಿಸತೊಡಗಿದರು. ಅವರ ಊರಿನ ಆ ಸಂಜೆ ಮತ್ತೆ ಇಲ್ಲಿಗೇ ಬಂತು, ಅದನ್ನು ಮೆಟ್ಟಿಲು ಹತ್ತಿ ಹೋಗಿ ಕರೆತಂದವಳು ನಾನೇ ಎಂದುಕೊಂಡೆ. ಕಾನ್ವೆಂಟು ಮರೆತು, ಜೀವಮಾನದಲ್ಲೇ ಮೊದಲ ಸಲ ದನಿ ಎತ್ತರಿಸಿ, ಮೊದಲ ಮೂರು ಸಾಲಿಗೆ ಕೇಳುವ ಹಾಗೆ “ಸಾಕು” ಎಂದೆ. ಮುಂದೆ ಕೂತಿದ್ದ ಯಾವುದೋ ಮಗು ಅದನ್ನೇ ಇನ್ನೂ ಗಟ್ಟಿಯಾಗಿ ಹೇಳಿತು.

ಅಲ್ಮಾನಿ ಅಮ್ಮ ಬತ್ತಿಯ ತುದಿಯನ್ನು ಬೆರಳಲ್ಲಿ ತಿರುವಿ ಚೂಪು ಮಾಡಿದರು. ಬೆಳಕಿಗೆ ಹಿಡಿದು ನೋಡಿದರು. ಉಳಿದ ಬತ್ತಿಗಳ ಪಕ್ಕದಲ್ಲಿ ಸಾಲಾಗಿ ಇಟ್ಟರು. ಆಮೇಲೆ ಕಣ್ಣು ಅರ್ಧ ಮುಚ್ಚಿ, ಮೂಗಿನಿಂದ ಉಸಿರು ಬಿಟ್ಟು, ಯಾರನ್ನೂ ನೋಡದೆ, ಹತ್ತಿಗೆ ಹೇಳಿದ ಹಾಗೆ ಹೇಳಿದರು.

“ಸಾಕು.”

ಹಾಲಿನಲ್ಲಿ ಯಾರೂ ಕೆಮ್ಮಲಿಲ್ಲ. ಸಭಿಕರಲ್ಲಿ ಕೂತಿದ್ದ ನಮ್ಮವರು ಮತ್ತೆ ನೆಟ್ಟಗೆ ಕೂತದ್ದು ನನಗೆ ಸಂದಿನಿಂದಲೇ ಕಾಣಿಸಿತು. ಪರದೆ ಬಿತ್ತು.

ಒಳಗೆ ಬಂದ ಮೇಲೆ ಅವರು ನನ್ನನ್ನು ಪಕ್ಕಕ್ಕೆ ಕರೆದು, ಸಿಸ್ಟರುಗಳಿಗಿಂತ ಕಠಿಣವಾಗಿ ಗದರಿಸಿದರು. ಪ್ರಾಂಪ್ಟರ್ ಆದವಳು ನಟಿ ಸುಮ್ಮನಿದ್ದಾಗಲೆಲ್ಲ ಕೂಗಬಾರದು. ಸುಮ್ಮನಿರುವುದು ಬೇರೆ, ಮರೆಯುವುದು ಬೇರೆ. ಇಷ್ಟೂ ಗೊತ್ತಿಲ್ಲವೇ? ನಾನು ತಲೆ ತಗ್ಗಿಸಿ ತಪ್ಪಾಯಿತು ಎಂದೆ. ಅವರು ತುರುಬಿನ ಪಿನ್ನು ತೆಗೆಯುತ್ತ ಅತ್ತ ತಿರುಗಿದರು. ಆಮೇಲೆ ಕನ್ನಡಿಯಲ್ಲಿ ನನ್ನನ್ನು ನೋಡುತ್ತ ಹೇಳಿದರು. ಇವತ್ತೂ ನನಗೆ ಮಾತು ಮರೆತೇ ಹೋಗಿತ್ತು. ನೀನು ಮೊದಲ ಸಲ ಹೇಳಿದ್ದು ಕೇಳಿಸಲಿಲ್ಲ, ಎರಡನೆಯದು ತಲೆಗೆ ಹೋಗಲಿಲ್ಲ. ಆದರೆ ಕೈಯಲ್ಲಿ ಬತ್ತಿ ಅರ್ಧ ಆಗಿತ್ತಲ್ಲ. ಅದನ್ನು ಮುಗಿಸದೆ ತಲೆಯೆತ್ತುವ ಹಾಗಿರಲಿಲ್ಲ.

ನಾಟಕದ ಹೆಂಗಸರೆಲ್ಲ ಬಂದು ಅವರನ್ನು ಹೊಗಳಿದರು. ಅವರು ನಕ್ಕರು, ಕೈ ಮುಗಿದರು, ಒಂದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಇವರಿಗೆಲ್ಲ ಗೊತ್ತಲ್ಲ, ಎಂದು ನನ್ನ ಕಿವಿಯಲ್ಲಿ ಹೇಳಿದರು. ಕಾರಿನಲ್ಲಿ ನಮ್ಮವರು ಏನೋ ಹೇಳಲು ಬಾಯಿ ತೆರೆ ತೆರೆದು, ನನ್ನ ಮುಖ ನೋಡಿ ಮುಚ್ಚಿಕೊಂಡರು. ಕಟ್ಟಡದ ಮುಂದೆ ಇಳಿದು ಅಲ್ಮಾನಿ ಅಮ್ಮ ಟೀ ಇಡುತ್ತೇನೆ, ತೀರ್ಪು ತೆಗೆದುಕೊಂಡು ಬಾ ಎಂದು ಸೀರೆಯಲ್ಲೇ ಕಟಕಟೆ ಹಿಡಿದುಕೊಂಡು ಮೇಲೆ ಹೋದರು. ಮಂಡಿ ನೋವಿತ್ತು, ನಡುವೆ ಎರಡು ಸಲ ನಿಂತದ್ದು ಕೇಳಿಸಿತು.

ನಾನು ಮಗಳ ಕೈ ಹಿಡಿದು ನಮ್ಮ ಮಹಡಿಗೆ ಬಂದಾಗ ಎದುರುಮನೆಯಾಕೆ ನಿದ್ದೆಹೋದ ಮಗುವನ್ನು ಹೆಗಲ ಮೇಲೆ ಹಾಕಿಕೊಂಡು ಬ್ಯಾಗಿನಲ್ಲಿ ಬೀಗದ ಕೈ ತಡಕುತ್ತಿದ್ದರು. ನಾಟಕ ಪೂರ್ತಿ ನೋಡಿದಿರಾ ಎಂದು ಕೇಳಿದೆ. ನೋಡಿದೆ, ಮಗು ಅಳಲೇ ಇಲ್ಲ ಎಂದರು. ಮೀಸೆಯವರು ಭಾರಿ ಚೆನ್ನಾಗಿ ಆಕ್ಟ್ ಮಾಡಿದರು, ಗಂಡಿನ ತಾಯಿಯೂ ಅಡ್ಡಿಯಿಲ್ಲ ಎಂದರು. ಬೀಗದ ಕೈ ಸಿಕ್ಕಿತು. ಬಾಗಿಲು ತಳ್ಳಿ ಒಳಗೆ ಕಾಲಿಡುತ್ತ, ಮಗು ಏಳದ ಹಾಗೆ ತಗ್ಗಿದ ದನಿಯಲ್ಲಿ ಹೇಳಿದರು:

“ಆ ಮೂಲೆಯಲ್ಲಿ ಕೂತ ಅಜ್ಜಿ ಯಾರ ಅಮ್ಮ, ಅಕ್ಕ? ವಿಸಿಟಿಗೆ ಬಂದವರನ್ನು ಹಾಗೇ ಕರ್ಕೊಂಡು ಬಂದು ಕೂರಿಸಿದ್ದಾ? ಪಾಪ, ಅವರಿಗೆ ಆಕ್ಟಿಂಗ್ ಎಂತದೂ ಬರುವುದಿಲ್ಲ. ಮನೆಯಲ್ಲಿ ಕೂತ ಹಾಗೇ ಕೂತಿದ್ರು.”